ಎರಡು ಜೊತೆ ಕಾಲು ಹೆಚ್ಚು

ನಮ್ಮೂರಿನಲ್ಲಿ ಮನೆಗೆ ಅಡಿಪಾಯ ಹಾಕುವುದಿಲ್ಲ. ನಮ್ಮ ಮನೆಗಳನ್ನು ಮಣ್ಣಜರಿಗಳು ಹೊತ್ತುಕೊಂಡಿವೆ. ಹೊರಗಿನವರು ಕೇಳಿ ನಗುತ್ತಾರೆ, ನಗಲಿ. ಅವರ ಕಲ್ಲಿನ ತಳಪಾಯದ ಮನೆಗಳಲ್ಲಿ ಗೋಡೆ ಬಾಯಿಬಿಟ್ಟಿರುವುದನ್ನು ನಾನು ಕಣ್ಣಾರೆ ಕಂಡಿದ್ದೇನೆ. ನಮ್ಮಲ್ಲಿ ಯಾವುದಾದರೂ ಗೋಡೆಯಲ್ಲಿ ಕೂದಲೆಳೆಯಷ್ಟು ಬಿರುಕು ತೋರಿಸಿದರೆ ಕಿವಿಯ ಓಲೆ ಬಿಚ್ಚಿ ಕೊಟ್ಟುಬಿಡುತ್ತೇನೆ. ಇಷ್ಟು ವರ್ಷವಾದರೂ ಓಲೆ ನನ್ನ ಕಿವಿಯಲ್ಲೇ ಇದೆ.

ಜರಿ ಎಂದ ಕೂಡಲೇ ಬಚ್ಚಲಿನ ಮೂಲೆಯಿಂದ ಸರಕ್ಕನೆ ಹೊರಟು ಮನೆಮಂದಿಯನ್ನೆಲ್ಲ ಕುಣಿಸುವ ಆ ದಪ್ಪ ಕೆಂಪು ಜರಿಯನ್ನು ನೆನೆಸಿಕೊಳ್ಳಬೇಡಿ. ಅದು ಪೋಕರಿ. ನಮ್ಮದು ಮಣ್ಣಿನಲ್ಲೇ ಹುಟ್ಟಿ ಮಣ್ಣಿನಲ್ಲೇ ಬಾಳುವ ಮರ್ಯಾದಸ್ಥ ಜೀವ. ಗೋಣಿದಾರದಷ್ಟು ಸಣ್ಣ, ಬೆರಳುದ್ದ. ಕಣ್ಣಿಲ್ಲ, ಬೇಕಾಗಿಯೂ ಇಲ್ಲ. ತಲೆಯ ಮುಂದೆ ಎರಡು ಮೀಸೆ, ಒಂದೊಂದಕ್ಕೂ ಹದಿನಾಲ್ಕು ಗೆಣ್ಣು, ಅದರಲ್ಲೇ ದಾರಿ ತಡಕಿಕೊಂಡು ಹೋಗುತ್ತದೆ. ತಲೆಯ ಕೆಳಗೆ ವಿಷದ ಕೊಕ್ಕೆಗಳು. ಅವೂ ಹುಟ್ಟಿನಿಂದ ಕಾಲೇ, ಆದರೆ ನಡೆಯುವ ಕೆಲಸ ಬಿಟ್ಟು ಕಚ್ಚುವ ಕೆಲಸಕ್ಕೆ ಸೇರಿಕೊಂಡಿವೆ. ಹೊಸಬರು ಅವನ್ನೂ ಎಣಿಸಿ ಲೆಕ್ಕ ಕೆಡಿಸುತ್ತಾರೆ. ಅಲ್ಲಿಂದ ಹಿಂದಕ್ಕೆ ಹೊಟ್ಟೆಯ ಒಂದೊಂದು ಪಟ್ಟಿಗೂ ಒಂದೊಂದು ಜೊತೆ ಕಾಲು. ಪಟ್ಟಿಗಳ ಮೇಲೆ ಸೂಜಿಮೊನೆಯಷ್ಟು ತೂತುಗಳಿವೆ, ಹೆದರಿದರೆ ಅವುಗಳಿಂದ ಅಂಟು ಒಸರುತ್ತದೆ. ಕಟ್ಟಕಡೆಯ ಜೊತೆ ನಡೆಯುವುದಿಲ್ಲ, ಸುಮ್ಮನೆ ಹಿಂದಕ್ಕೆ ಚಾಚಿಕೊಂಡಿರುತ್ತದೆ. ಒಟ್ಟು ಜೊತೆಗಳು ಯಾವಾಗಲೂ ಬೆಸಸಂಖ್ಯೆ. ಸಮಸಂಖ್ಯೆ ಬಂತೆಂದರೆ ತಪ್ಪು ಜರಿಯದಲ್ಲ, ಎಣಿಸಿದವರದು.

ನನಗೆ ಹಾಗೆ ಬಂದದ್ದೇ ಇಲ್ಲ. ನಾನು ಓಬಕ್ಕ, ಈ ಊರಿನ ಕಾಲೆಣಿಕೆಯವಳು. ನನಗಿಂತ ಮುಂಚೆ ನಮ್ಮಮ್ಮ, ಅವಳಿಗಿಂತ ಮುಂಚೆ ಅವಳಮ್ಮ. ಯಾರು ಮನೆ ಕಟ್ಟುವುದಿದ್ದರೂ ಗೋಡೆ ಏಳುವ ಮೊದಲು ನನ್ನನ್ನು ಕರೆಯಬೇಕು. ನಾನು ಜಾಗದ ನಡುವೆ ಕೂತು, ನೀರು ಚಿಮುಕಿಸಿದ ಮಣ್ಣಿನೊಳಗೆ ಮೊಣಕೈವರೆಗೆ ಕೈ ಇಳಿಸುತ್ತೇನೆ. ಮೊದಲು ಕೈಗೆ ಹತ್ತಿದ ಜರಿಯೇ ಆ ಮನೆಯ ಜರಿ. ಅದನ್ನು ಹಿತ್ತಾಳೆ ತಟ್ಟೆಯ ತಣ್ಣೀರಿಗೆ ಬಿಟ್ಟರೆ ಹೊರಳಾಟ ನಿಲ್ಲಿಸುತ್ತದೆ. ಗಡಿಯಾರ ರಿಪೇರಿಯವರು ಕಣ್ಣಿಗೆ ಸಿಕ್ಕಿಸಿಕೊಳ್ಳುವಂಥ ಮಸೂರ ನನ್ನಲ್ಲಿದೆ, ಅದರಲ್ಲಿ ನೋಡಿ ಎಣಿಸಿ, ಊರಿನ ಕಡೇಮನೆಗೂ ಕೇಳುವಂತೆ ಸಂಖ್ಯೆ ಕೂಗುತ್ತೇನೆ. ಬಡಗಿ ಅದನ್ನು ಬಾಗಿಲಿನ ಮೇಲೆ ಕೆತ್ತುತ್ತಾನೆ. ಒಂದು ಜಾಗಕ್ಕೆ ಒಂದೇ ಸಲ ಕೈ ಇಳಿಸುವುದು. ಅಡಿಪಾಯವಿಲ್ಲದ ಮನೆಯ ಕೆಳಗೆ ಎರಡನೇ ಸಲ ಕೆದಕುವ ಧೈರ್ಯ ಯಾರಿಗಿದೆ?

ನಮ್ಮ ಮಣ್ಣಿನಲ್ಲಿ ಜರಿಯ ಎರಡು ಮನೆತನಗಳಿವೆ. ಕೆಂದಲೆ ಜರಿಗೆ ಉದ್ದನೆಯ ಕೆಂಪು ತಲೆ, ಅದು ಚಾವಡಿ, ಬಾವಿಕಟ್ಟೆ ಇಂಥ ಊರೊಟ್ಟಿನ ಜಾಗಗಳ ಕೆಳಗೆ ಮಾತ್ರ ಇರುವುದು. ಅದಕ್ಕೆ ನಲವತ್ತೊಂಬತ್ತು ಜೊತೆ. ಒಂದು ಹೆಚ್ಚಿಲ್ಲ, ಒಂದು ಕಡಿಮೆಯಿಲ್ಲ, ಯಾವುದನ್ನು ಹಿಡಿದರೂ ಅಷ್ಟೇ. ನಮ್ಮ ಹಿರಿಯರು ಎಣಿಕೆ ಕಲಿತದ್ದು ಅದರ ಮೇಲೆ. ಹಾಗಾಗಿ ಕಾಲಿನ ಸಂಖ್ಯೆ ಬದಲಾದರೆ ಜಾತಿಯೇ ಬದಲಾದ ಹಾಗೆ ಎಂದು ಅವರು ತೀರ್ಮಾನಿಸಿಬಿಟ್ಟರು. ಇನ್ನೊಂದು ಅರಿಶಿನ ಜರಿ. ಜನ ಬಾಳುವ ಮನೆಗಳನ್ನು ಹೊರುವುದು ಅದು. ಅದರಲ್ಲಿ ಕೆಲವಕ್ಕೆ ಐವತ್ತೊಂದು ಜೊತೆ, ಹಿಂಗಾಲು ದಪ್ಪ. ಕೆಲವಕ್ಕೆ ಐವತ್ತಮೂರು, ಹಿಂಗಾಲು ಸಣ್ಣ. ಆದ್ದರಿಂದ ಅರಿಶಿನ ಜರಿಯಲ್ಲಿ ಎರಡು ಜಾತಿ, ಹುಟ್ಟಿದ ಮನೆಯ ಬಾಗಿಲ ಸಂಖ್ಯೆಯಂತೆ ಜನರಲ್ಲೂ ಎರಡು: ಐವತ್ತೊಂದರ ಮನೆಯವರು ಒಂದರವರು, ಐವತ್ತಮೂರರ ಮನೆಯವರು ಮೂರರವರು. ಒಂದರವರು ಒಂದರವರಲ್ಲೇ ಕೊಟ್ಟು ತರಬೇಕು, ಮೂರರವರು ಮೂರರವರಲ್ಲೇ. ಮೂರರವರು ಚಾವಡಿಯಲ್ಲಿ ಮುಂದಿನ ಸಾಲಿನಲ್ಲಿ ಕೂರುತ್ತಾರೆ. ಎರಡು ಜೊತೆ ಕಾಲು ಹೆಚ್ಚಿದ್ದಕ್ಕೆ ಮೀಸೆಯನ್ನೂ ಎರಡು ಸುತ್ತು ಹೆಚ್ಚು ತಿರುವುತ್ತಾರೆ. ನಾವು ಒಂದರವರು. ನಾನು ಹಿಂದಿನ ಸಾಲಿನಲ್ಲಿ ಕೂತರೂ ನಾನು ಬಾಯಿ ಬಿಡದೆ ಮುಂದಿನ ಸಾಲಿನ ಯಾವನ ಮನೆಯೂ ಏಳುವುದಿಲ್ಲ ಎನ್ನುವುದು ನನಗೆ ಗೊತ್ತಿತ್ತು, ಅವರಿಗೂ ಗೊತ್ತಿತ್ತು.

ಹೊಸಮನೆಯ ಜಾಗದ ಸಂಖ್ಯೆ ಗಂಡಹೆಂಡಿರ ಸಂಖ್ಯೆಗೆ ಹೊಂದದಿದ್ದರೆ ಬೇರೆ ಜಾಗ ನೋಡಬೇಕು. ಎರಡನೆಯದೂ ಹೊಂದದಿದ್ದರೆ ಮೂರನೆಯದು. ಮೂರೂ ತಪ್ಪಿದರೆ ಮಣ್ಣೇ ಆ ಜೋಡಿಯನ್ನು ಒಲ್ಲೆ ಎಂದ ಹಾಗೆ, ಗಂಡಹೆಂಡಿರು ಬೇರೆಯಾಗಬೇಕು. ಹಾಗಾಗುವುದು ಅಪರೂಪ, ಆದರೆ ಆಗಿದೆ. ನಮ್ಮೂರಿನ ಯಜಮಾನ ಸಣ್ಣೀರಪ್ಪನಿಗೇ ಆಗಿತ್ತು. ಅವನೂ ಅವನ ಹೆಂಡತಿ ಗಿದ್ದಮ್ಮನೂ ಮೂರರವರು. ಮೂರು ಜಾಗದಲ್ಲೂ ಒಂದರ ಜರಿಯೇ ಎದ್ದಿತು. ಆಗ ಕೂಗಿದವಳು ನಮ್ಮಮ್ಮ. ಗಿದ್ದಮ್ಮ ತವರಿಗೆ ಹೋದಳು, ಈಗಲೂ ಕೆರೆದಂಡೆಯ ಆ ಮನೆಯಲ್ಲಿ ಒಬ್ಬಳೇ ಕಡ್ಡಿ ಚುಚ್ಚಿ ಮುತ್ತುಗದ ಊಟದೆಲೆ ಹಚ್ಚಿಕೊಂಡಿದ್ದಾಳೆ. ಸಣ್ಣೀರಪ್ಪ ಮತ್ತೆ ಮದುವೆಯಾಗಲಿಲ್ಲ, ಕಟ್ಟಳೆಯನ್ನೇ ಕಟ್ಟಿಕೊಂಡ. ಊರಿನಲ್ಲಿ ಯಾರೊಬ್ಬರೂ ಗೆರೆ ದಾಟದಂತೆ ಬೆಳ್ಳಿಕಟ್ಟಿನ ಕೋಲು ಹಿಡಿದು ಕಾಯುತ್ತಾ ಬಂದ.

ಹೀಗಿರುವಾಗ ನನ್ನ ಮಗಳು ದೇವೀರಿ ಮತ್ತು ಗಾಣದಲ್ಲಿ ಕೆಲಸ ಮಾಡುವ ಅವಳ ಗಂಡ ಮುದ್ದಯ್ಯ ಸ್ವಂತ ಮನೆ ಕಟ್ಟಲು ಹೊರಟರು. ಇಬ್ಬರೂ ಒಂದರವರು, ಜೋಡಿ ಎಂದರೆ ಜೋಡಿ. ಮೊದಲನೇ ಜಾಗದಲ್ಲಿ ಐವತ್ತಮೂರು ಎದ್ದಿತು. ಆಗಲಿ ಎಂದೆವು. ಎರಡನೆಯದರಲ್ಲೂ ಐವತ್ತಮೂರು. ಮುದ್ದಯ್ಯನ ಮುಖ ಸಪ್ಪಗಾಯಿತು. ಗಾಣದ ಹಿಂದಿನ ಜಾಗಕ್ಕೆ ಮೂರನೇ ಸಲ ನಾನು ಹೊರಟಾಗ ಅರ್ಧ ಊರು ನನ್ನ ಹಿಂದೆಯೇ ಬಂದಿತು. ಮುಂದೆ ಕೋಲು ಊರುತ್ತಾ ಸಣ್ಣೀರಪ್ಪ.

ಕೈ ಇಳಿಸಿದೆ. ಮಣ್ಣು ತಂಪಾಗಿತ್ತು. ನೂಲಿನೆಳೆಯಂಥದ್ದೊಂದು ಬೆರಳ ಸಂದಿನಲ್ಲಿ ಹರಿದು ಅಂಗೈಗೆ ಹತ್ತಿತು. ತಟ್ಟೆಗೆ ಬಿಟ್ಟು ಮಸೂರ ಹಿಡಿದ ಕೂಡಲೇ, ಎಣಿಸುವ ಮೊದಲೇ, ಆ ಸಣ್ಣ ಹಿಂಗಾಲು ಕಣ್ಣಿಗೆ ಬಿತ್ತು. ಆದರೂ ಎಣಿಸಿದೆ, ಮತ್ತೆ ಎಣಿಸಿದೆ. ಒಂದು ಮಾತು ಬದಲಿಸಿ ಕೂಗಿದ್ದರೆ ಯಾರಿಗೆ ಗೊತ್ತಾಗುತ್ತಿತ್ತು? ಆ ಮಸೂರದಲ್ಲಿ ನೋಡಲು ಬರುವುದು ನನಗೊಬ್ಬಳಿಗೇ. ಮಗಳು ನನ್ನ ಬಾಯಿಯನ್ನೇ ನೋಡುತ್ತಿದ್ದಳು. ಅವಳಿಗಾಗಿ ಪ್ರಾಣ ಕೊಡು ಎಂದಿದ್ದರೆ ಕೊಡುತ್ತಿದ್ದೆ. ಸುಳ್ಳು ಸಂಖ್ಯೆ ಮಾತ್ರ ನನ್ನ ಗಂಟಲಿನಿಂದ ಬರಲಾರದು. ಐವತ್ತಮೂರು ಎಂದು ಕೂಗಿದೆ.

"ಎಲ್ರಿಗೂ ಕೇಳ್ತಲ್ಲ?" ಎಂದ ಸಣ್ಣೀರಪ್ಪ. "ಮೂರು ಜಾಗ ಆಯ್ತು. ಮಣ್ಣು ಒಲ್ಲೆ ಅಂದ್ಮೇಲೆ ನಾವ್ಯಾರು? ಹುಣ್ಣಿಮೆ ಕಳೀಲಿ, ಹುಡುಗಿ ತವರಿಗೆ ಬರ್ಲಿ."

ಮುದ್ದಯ್ಯ ದೇವೀರಿಯ ಕೈ ಹಿಡಿದುಕೊಂಡಿದ್ದ. ಅಷ್ಟು ಜನರ ಎದುರಿಗೆ ಹಾಗೆ ಹಿಡಿದುಕೊಳ್ಳುವ ಗಂಡನ್ನು ನಾನು ನಮ್ಮೂರಿನಲ್ಲಿ ನೋಡಿರಲಿಲ್ಲ. "ನಾನು ಕಳ್ಸಲ್ಲ ಯಜಮಾನ್ರೇ," ಎಂದ. ಹಿಡಿದ ಕೈ ಬಿಡಲಿಲ್ಲ.

"ಕಳ್ಸದಿದ್ರೆ ಇಬ್ರೂ ಊರು ಬಿಡ್ಬೇಕಾಗುತ್ತೆ, ನೋಡ್ಕೋ," ಎಂದು ಸಣ್ಣೀರಪ್ಪ ಹೊರಟ.

"ಅಮ್ಮ, ಇನ್ನೊಂದ್ಸಲ ಕೈ ಹಾಕು," ಎಂದಳು ದೇವೀರಿ.

"ಒಂದು ಜಾಗಕ್ಕೆ ಒಂದೇ ಸಲ ಕಣೇ."

"ಯಾಕೆ?"

ಯಾಕೆ ಎಂದು ನನ್ನನ್ನು ಯಾರೂ ಕೇಳಿರಲಿಲ್ಲ. ನಾನೂ ನಮ್ಮಮ್ಮನನ್ನು ಕೇಳಿರಲಿಲ್ಲ. ತಟ್ಟೆ ಎತ್ತಿಕೊಂಡು ಮನೆಗೆ ಬಂದುಬಿಟ್ಟೆ.

ಮಾರನೇ ದಿನ ಮಧ್ಯಾಹ್ನ ಅವಳು ಬಂದಳು. ಅಳುತ್ತಾ ಬರುತ್ತಾಳೆ ಎಂದುಕೊಂಡಿದ್ದೆ. ಬಂದವಳು ಸೆರಗು ಸೊಂಟಕ್ಕೆ ಸಿಕ್ಕಿಸಿ ನನ್ನೆದುರು ಕೂತಳು. ಆ ಸಿಟ್ಟು ನನ್ನದೇ, ನನ್ನಿಂದಲೇ ಅವಳಿಗೆ ಬಂದದ್ದು.

"ಒಂದರ ಜರಿಗೂ ಮೂರರ ಜರಿಗೂ ಏನಮ್ಮ ವ್ಯತ್ಯಾಸ?"

"ಎರಡು ಜೊತೆ ಕಾಲು. ಹಿಂಗಾಲಿನ ದಪ್ಪ. ನಿಂಗೆ ಗೊತ್ತಿಲ್ವಾ?"

"ತಲೆ?"

"ಒಂದೇ ಥರ."

"ವಿಷದ ಕೊಕ್ಕೆ? ಮೀಸೆ? ಹೊಟ್ಟೆ ಮೇಲಿನ ತೂತು?"

"ಎಲ್ಲಾ ಒಂದೇ. ಅದಕ್ಕೇ ಅಲ್ವಾ ಕಾಲು ಎಣಿಸೋದು."

"ನಮ್ಮನೆ ಹುಂಜಕ್ಕೆ ಬಾಲದ ಪುಕ್ಕ ಉದ್ದ, ಹೇಂಟೆಗೆ ಗಿಡ್ಡ. ಅವೆರಡೂ ಬೇರೆ ಬೇರೆ ಜಾತಿ ಅಂತ ನೀನು ಯಾವತ್ತಾದ್ರೂ ಕೂಗಿದ್ದೀಯಾ?"

ಅಕ್ಕಿ ಕೇರುತ್ತಿದ್ದ ಮೊರ ನನ್ನ ಕೈಯಲ್ಲೇ ನಿಂತಿತು. ಮೊದಲು ಬಂದದ್ದು ಕೋಪ. ನಮ್ಮಮ್ಮ, ಅಜ್ಜಿ, ಎಲ್ಲರಿಗಿಂತ ಇವಳು ಹೆಚ್ಚು ತಿಳಿದವಳೇ ಎಂದು ಬೈದೆ. ಬೈಯುತ್ತಾ ಬೈಯುತ್ತಾ ಸಾವಿರ ಸಲ ಮಸೂರದಲ್ಲಿ ಕಂಡ ಆ ದಪ್ಪ ಹಿಂಗಾಲು, ಸಣ್ಣ ಹಿಂಗಾಲು ಕಣ್ಣೆದುರು ಬಂದವು. ಬೈಗುಳ ಬಾಯಲ್ಲೇ ಉಳಿಯಿತು. ಗಂಡುಹೆಣ್ಣು ಎನ್ನುವ ಮಾತು ನಮ್ಮ ಮನೆತನದಲ್ಲಿ ಒಬ್ಬರಿಗಾದರೂ ಹೊಳೆಯಬಾರದಿತ್ತೇ? ಹೊಳೆದದ್ದು ಕೋಳಿ ಸಾಕುವ ನನ್ನ ಮಗಳಿಗೆ.

"ಹೋಗು, ಸಣ್ಣೀರಪ್ಪನ್ನ ಕರ್ಕೊಂಡು ಬಾ," ಎಂದೆ. "ಮುಂದಿನ ಸಾಲಿನವರು ಎಲ್ರೂ ಬರ್ಲಿ. ನಮ್ಮನೆ ಒಳಗೇ ಕೈ ಹಾಕ್ತೀನಿ."

"ಮನೆ ಬಿದ್ರೆ?"

"ಬಿದ್ರೆ ಎಲ್ರೆದುರಿಗೇ ಬೀಳ್ಲಿ. ಕದ್ದುಮುಚ್ಚಿ ಬೀಳೋ ಮನೆ ಅಲ್ಲ ಇದು."

ನಮ್ಮ ಬಾಗಿಲ ಮೇಲೆ ಐವತ್ತೊಂದು ಎಂದು ಕೆತ್ತಿದೆ, ನಮ್ಮಜ್ಜಿ ಕೂಗಿದ ಸಂಖ್ಯೆ. ಅದರ ಕೆಳಗೆ ತಲೆ ಬಗ್ಗಿಸಿಕೊಂಡು ಮೂರರವರು ಒಬ್ಬೊಬ್ಬರಾಗಿ ಅಡುಗೆಮನೆಗೆ ಬಂದರು. ಬಂದವರೆಲ್ಲ ಗೋಡೆಯಿಂದ ಒಂದು ಮಾರು ದೂರ ನಿಂತರು. ನೀರಿನ ಹಂಡೆಯ ಪಕ್ಕ, ಯಾವಾಗಲೂ ಪಸೆ ಇರುವ ಮೂಲೆಯಲ್ಲಿ ಕೂತು ನಾನು ನೆಲ ಕೆದಕಿದೆ. ಕೈಗೆ ಹತ್ತಿದ ಮೊದಲ ಜರಿಯನ್ನೇ ತಟ್ಟೆಗೆ ಬಿಟ್ಟು ಎಣಿಸಿದೆ. ಐವತ್ತಮೂರು.

"ನೋಡಿದ್ರಾ?" ಎಂದು ನಾನು ತಲೆಯೆತ್ತಿದರೆ ಸಣ್ಣೀರಪ್ಪ ಕೋಲು ಕುಟ್ಟಿದ. "ಏನ್ ನೋಡೋದು? ನಿನ್ನ ಮನೆ ಬೆರಕೆ ಆಗಿದೆ ಓಬಕ್ಕ. ಒಂದರ ಮನೆಗೆ ಮೂರರ ಜರಿ ಹೊಕ್ಕಿದೆ. ಮನೆ ಉಳಿಯಲ್ಲ, ಹೊರಗೆ ನಡೀರಿ ಎಲ್ರೂ."

ಅವನು ಹೇಳಿದ್ದರಲ್ಲಿ ತಪ್ಪಿರಲಿಲ್ಲ. ಎರಡು ಸಂಖ್ಯೆ ಒಂದೇ ಮನೆಯಲ್ಲಿ ಸಿಕ್ಕರೆ ಬೆರಕೆ ಎನ್ನಬಹುದು. ಎರಡೂ ಒಂದೇ ಹೊಟ್ಟೆಯಿಂದ ಬಂದವು ಎಂದು ತೋರಿಸದೆ ಬೇರೆ ದಾರಿ ಇರಲಿಲ್ಲ. ಹಂಡೆ ಸರಿಸಿ ಇನ್ನೂ ಆಳಕ್ಕೆ ಹೋದೆ. ದೇವೀರಿ ಪಕ್ಕದಲ್ಲಿ ಕೂತು ಮಣ್ಣು ತೆಗೆಯತೊಡಗಿದಳು. ಮೊಣಕೈ ಮುಳುಗಿತು, ತೋಳು ಮುಳುಗಿತು. ಆಗ ಬೆರಳಿಗೆ ಒಂದು ಗೂಡು ತಾಗಿತು, ಹುಣಸೆಬೀಜ ಹಿಡಿಸುವಷ್ಟು ಪೊಳ್ಳು. ಉಸಿರು ಬಿಗಿಹಿಡಿದು ಇಡೀ ಮಣ್ಣಹೆಂಟೆಯನ್ನು ಎತ್ತಿದೆ.

ಅದರೊಳಗೆ ತಾಯಿ ಜರಿ ಮರಿಗಳನ್ನು ಸುತ್ತಿಕೊಂಡು ಮಲಗಿತ್ತು. ಕೆಂದಲೆ ತಾಯಿ ಹೊಟ್ಟೆಯನ್ನು ಮರಿಗಳ ಕಡೆಗೆ ಮಾಡಿ ಕಾಲುಗಳಲ್ಲಿ ಅಪ್ಪಿಕೊಳ್ಳುತ್ತದೆ. ಅರಿಶಿನ ತಾಯಿ ಹಾಗಲ್ಲ, ಮರಿಗಳ ಕಡೆಗೆ ಬೆನ್ನು ಮಾಡಿ, ಅಂಟು ಒಸರುವ ಹೊಟ್ಟೆಯನ್ನು ಲೋಕದ ಕಡೆಗೆ ತಿರುಗಿಸಿ ಮಲಗುತ್ತದೆ, ಬರುವವರು ಬನ್ನಿ ನೋಡೋಣ ಎನ್ನುವ ಹಾಗೆ. ಆ ತಾಯಿಯನ್ನು ಕಂಡು ನನಗೆ ಹೆಮ್ಮೆಯಿಂದ ಎದೆ ಉಬ್ಬಿತು. ಜೊತೆಗೆ ಹೆದರಿಕೆಯೂ ಆಯಿತು. ತಾಯಿ ಗಾಬರಿಯಾದರೆ ತನ್ನ ಮರಿಗಳನ್ನು ತಾನೇ ತಿಂದುಹಾಕುತ್ತದೆ, ನನ್ನ ಮಗಳ ಬಾಳೂ ಅದರ ಬಾಯಿಗೆ ಹೋದ ಹಾಗೆ.

"ಯಾರೂ ಮಿಸುಕಬೇಡಿ," ಎಂದೆ. ಮುಂದಿನ ಸಾಲಿನವರೆಲ್ಲ ನನ್ನ ಮಾತಿಗೆ ಕಲ್ಲಾಗಿ ನಿಂತರು. ಹೆಂಟೆಯನ್ನು ತಟ್ಟೆಯ ಅಂಚಿನಲ್ಲಿಟ್ಟು ಒದ್ದೆಬಟ್ಟೆಯ ನೆರಳು ಹಿಡಿದೆ. ತಾಯಿ ಮೀಸೆ ಆಡಿಸಿತು, ಸುತ್ತು ಬಿಗಿ ಮಾಡಿತು, ಮತ್ತೆ ಸಡಿಲಿಸಿತು. ಅದು ಸಮಾಧಾನವಾಗುವವರೆಗೂ ಕೂತೇ ಇದ್ದೆ. ಮೊದಲು ಅದನ್ನೇ ಎಣಿಸಿದೆ: ಐವತ್ತಮೂರು, ಹಿಂಗಾಲು ಸಣ್ಣ. ಮರಿಗಳು ಹಾಲುಬಣ್ಣ ಬಿಟ್ಟು ಹಳದಿಗೆ ತಿರುಗಿದ್ದವು, ಇನ್ನೇನು ಚೆದುರಿಹೋಗುವ ಹೊತ್ತು. ಜರಿಗೆ ಎಷ್ಟು ಕಾಲು ಎನ್ನುವುದು ಹುಟ್ಟುವಾಗಲೇ ನಿಗದಿಯಾಗಿರುತ್ತದೆ, ಬೆಳೆಯುತ್ತಾ ಹೆಚ್ಚುವುದಿಲ್ಲ. ದೇವೀರಿ ಕೋಳಿಪುಕ್ಕದ ತುದಿಯಿಂದ ಒಂದು ಮರಿಯನ್ನು ನೀರಿಗಿಳಿಸಿದಳು. ನಾನು ನೋಡಿದೆ. ಮಸೂರವನ್ನು ಸಣ್ಣೀರಪ್ಪನ ಕೈಗೆ ಕೊಟ್ಟೆ.

"ನೀವೇ ಎಣಿಸಿ ಯಜಮಾನ್ರೇ. ಕೊಕ್ಕೆ ಬಿಟ್ಟು."

ಅವನು ನೆಲದ ಮೇಲೆ ಕೂತ. ಕೋಲಿನ ತುದಿಯಿಂದ ಮಣ್ಣಿನಲ್ಲಿ ಗೀಟು ಹಾಕಿಕೊಳ್ಳುತ್ತಾ ಎಣಿಸಿದ. ಎರಡು ಸಲ ತಪ್ಪಿದ, ಸಮಸಂಖ್ಯೆ ಬಂತೆಂದು ನಾನು ಬೈದೆ, ಮತ್ತೆ ಎಣಿಸಿದ. "ಐವತ್ತೊಂದು," ಎಂದ. ಇನ್ನೊಂದು ಮರಿ ಇಳಿಸಿದೆವು. "ಐವತ್ತಮೂರು." ಮತ್ತೊಂದು. "ಐವತ್ತೊಂದು." ಅಲ್ಲಿಗೆ ಅವನು ಮಸೂರ ಕೆಳಗಿಟ್ಟ.

ನನಗೆ ಬಂದ ಸಂತೋಷವನ್ನು ಹೇಗೆ ಹೇಳಲಿ? ಎದ್ದು ನಿಂತು, ಮಣ್ಣಿನ ಕೈಗಳನ್ನು ಸೊಂಟದ ಮೇಲಿಟ್ಟುಕೊಂಡು ಹೇಳಿದೆ: "ಒಂದೇ ಹೊಟ್ಟೆ ಮಕ್ಕಳು ಇವು. ಕಾಲು ಕಡಿಮೆ ಇರೋದು ಗಂಡು, ಹೆಚ್ಚಿರೋದು ಹೆಣ್ಣು. ನಮ್ಮಜ್ಜಿಗೆ ತಿಳೀಲಿಲ್ಲ, ನಮ್ಮಮ್ಮನಿಗೆ ತಿಳೀಲಿಲ್ಲ. ನನ್ನ ಮಗಳಿಗೆ ತಿಳೀತು, ನಾನು ತೋರಿಸ್ದೆ. ಇನ್ನು ಯಜಮಾನ್ರೇ, ನೀವು ಇಷ್ಟು ಕಾಲ ಮೀಸೆ ತಿರುವಿದ್ರಲ್ಲ ಆ ಎರಡು ಜೊತೆ ಹೆಚ್ಚು ಕಾಲು, ಅದು ಹೆಂಗಸರದು!"

ಮುಂದಿನ ಸಾಲಿನಲ್ಲಿ ಮೀಸೆಗೆ ಹೋದ ಕೈಗಳು ಅರ್ಧದಲ್ಲೇ ನಿಂತವು. ಹಿಂದೆ ಬಾಗಿಲಲ್ಲಿ ಯಾರೋ ಕಿಸಕ್ಕನೆ ನಕ್ಕರು, ಆಮೇಲೆ ಎಲ್ಲರೂ ನಕ್ಕರು. ಮುದ್ದಯ್ಯ ಮಾತ್ರ ನಗಲಿಲ್ಲ, ಕಣ್ಣು ಒರೆಸಿಕೊಳ್ಳುತ್ತಿದ್ದ. ತಾಯಿಯನ್ನೂ ಮರಿಗಳನ್ನೂ ಗೂಡು ಸಮೇತ ಮಣ್ಣಿಗೆ ಇಳಿಸಿ ಮುಚ್ಚಿದೆ. ನನ್ನ ಮನೆ ಒಂದಿಷ್ಟೂ ಅಲುಗಲಿಲ್ಲ. ಬೇಕಾದರೆ ಈಗಲೂ ಬಂದು ಗೋಡೆಗೆ ತೂಕದಗುಂಡು ಇಳಿಬಿಟ್ಟು ನೋಡಿ.

ಸಣ್ಣೀರಪ್ಪ ಮಾತ್ರ ಎಲ್ಲರೂ ಹೋದ ಮೇಲೂ ನೆಲ ಬಿಟ್ಟು ಏಳಲಿಲ್ಲ. ತಾನು ಹಾಕಿದ ಗೀಟುಗಳನ್ನು ನೋಡುತ್ತಾ, "ಹಂಗಾದ್ರೆ ಗಿದ್ದಿ?" ಎಂದ.

ಆ ಮೂರು ಸಲ ಕೂಗಿದ್ದು ನಮ್ಮಮ್ಮ. ಅವಳ ಗಂಟಲು ಒಳ್ಳೆಯ ಗಂಟಲು, ಕೆರೆದಂಡೆಗೂ ಕೇಳಿಸಿತ್ತು.

ಅವನು ಎದ್ದು ಹೊರಟ, ಅವನ ಮನೆಯ ದಿಕ್ಕಿಗಲ್ಲ. ತಟ್ಟೆ, ಮಸೂರ ಎತ್ತಿಕೊಂಡು ನಾನೂ ಹಿಂದೆಯೇ ಹೋದೆ. ನನಗೆ ಕುತೂಹಲ ಜಾಸ್ತಿ, ಅದನ್ನು ಮುಚ್ಚಿಡುವುದಿಲ್ಲ. ಗಿದ್ದಮ್ಮ ಜಗಲಿಯಲ್ಲಿ ಎಲೆ ಹಚ್ಚುತ್ತಾ ಕೂತಿದ್ದಳು. ಸಣ್ಣೀರಪ್ಪ ಅಂಗಳದಲ್ಲೇ ನಿಂತ.

"ಗಿದ್ದಿ, ಮಣ್ಣು ನಮ್ಮನ್ನ ಒಲ್ಲೆ ಅಂದಿರ್ಲಿಲ್ವಂತೆ."

"ಒಲ್ಲೆ ಅಂದದ್ದು ನೀನು," ಎಂದಳು ಅವಳು, ಕಡ್ಡಿ ಚುಚ್ಚುತ್ತಲೇ. "ಓಬಕ್ಕನ ಅಳಿಯ ಹೆಂಡ್ತಿ ಕೈ ಬಿಡಲಿಲ್ಲವಂತೆ, ಊರೆಲ್ಲ ಅದೇ ಮಾತು. ನೀನು ಮೂರನೇ ಸಂಖ್ಯೆ ಕಿವಿಗೆ ಬಿದ್ದಿದ್ದೇ ತಡ, ಎದ್ದು ನಡೆದುಬಿಟ್ಟೆ. ಒಂದು ಸಲ ತಿರುಗಿ ನೋಡಲಿಲ್ಲ."

ಅವನು ದಂಡೆಯ ಹುಣಸೆಮರದ ತನಕ ಹೋಗಿ, ಅಲ್ಲಿಂದ ಮುಂದೆ ಹೋಗಲಾರದೆ ಬೇರಿನ ಮೇಲೆ ಕೂತುಬಿಟ್ಟ. ನಾನು ಹೊರಡಲು ನೋಡಿದೆ. ಗಿದ್ದಮ್ಮ ಎಲೆಗಳನ್ನು ಪಕ್ಕಕ್ಕೆ ಸರಿಸಿದಳು.

"ಎಲ್ಲಿಗೆ ಹೋಗ್ತೀಯೆ? ತಟ್ಟೆ ತಂದಿದ್ದೀಯಲ್ಲ. ಬಾ, ನಮ್ಮನೇಲೂ ಕೈ ಹಾಕು."

ಅವಳ ತವರಿನ ಬಾಗಿಲ ಮೇಲೆ ಐವತ್ತಮೂರು ಎಂದಿತ್ತು, ಹೊಗೆ ಹಿಡಿದು ಕಪ್ಪಾಗಿತ್ತು. "ನೀನೇ ಹಾಕು ಗಿದ್ದಕ್ಕ," ಎಂದೆ. ಹಾಗೆ ಇನ್ನೊಬ್ಬರ ಕೈಗೆ ನನ್ನ ಕೆಲಸ ಕೊಟ್ಟದ್ದು ಅದೇ ಮೊದಲು. ಅವಳು ಬಳೆ ಮೇಲಕ್ಕೆ ಸರಿಸಿಕೊಂಡು ಮಣ್ಣಿಗೆ ಕೈ ಇಳಿಸಿದಳು. ಕೈ ಹೊರಗೆ ತೆಗೆದಾಗ ಅವಳ ಮಣಿಕಟ್ಟಿನ ಸುತ್ತ ಒಂದು ಅರಿಶಿನ ಜರಿ ಸುತ್ತಿಕೊಂಡಿತ್ತು. ತಟ್ಟೆಗೆ ಬಿಟ್ಟೆವು. ನಾನು ಎಣಿಸಿ ಮಸೂರ ಅವಳ ಕಣ್ಣಿಗೆ ಹಿಡಿದೆ, ಆ ದಪ್ಪ ಹಿಂಗಾಲುಗಳನ್ನು ಕಡ್ಡಿಯಿಂದ ತೋರಿಸಿದೆ.

"ಅಯ್ಯ!" ಎಂದಳು ಗಿದ್ದಮ್ಮ. "ಇಷ್ಟು ವರ್ಷ ಇವ್ನು ಇಲ್ಲೇ ಇದ್ನಾ?"

ನಕ್ಕಳು. ನಗುತ್ತಲೇ ಮಣ್ಣಿನ ಕೈಯಿಂದ ಕಣ್ಣು ಒರೆಸಿಕೊಂಡಳು, ಕೆನ್ನೆಯೆಲ್ಲ ಮಣ್ಣ ಗೆರೆಯಾಯಿತು. ಆಮೇಲೆ ಹುಣಸೆಮರದ ಕಡೆ ನೋಡಿದಳು.

"ಕೂಗು ಓಬಕ್ಕ," ಎಂದಳು. "ಆ ಮುದುಕನಿಗೆ ಕೇಳ್ಬೇಕು, ಹಂಗೆ ಕೂಗು."

ನಾನು ಬಾಗಿಲಿಗೆ ಬಂದು, ತಟ್ಟೆಯನ್ನು ಎತ್ತಿ ಹಿಡಿದು, ನಮ್ಮಮ್ಮ ಆವತ್ತು ಕೂಗಿದ್ದಕ್ಕಿಂತ ಗಟ್ಟಿಯಾಗಿ ಐವತ್ತೊಂದು ಎಂದು ಕೂಗಿದೆ.